ಗಣಿಗೆ ಇಳಿಯದೆ ಬಂದ ಮಕ್ಕಳು

ರಜೆ ಬಂತೆಂದರೆ ನಮ್ಮ ಕಡೆಯ ತಂದೆತಾಯಂದಿರಿಗೆ ಒಂದೇ ಚಿಂತೆ. ಮಕ್ಕಳನ್ನು ಒಂದು ದಿನದ ಮಟ್ಟಿಗೆ ಎಲ್ಲಿಗೆ ಕರೆದುಕೊಂಡು ಹೋಗುವುದು? ಮೈಸೂರಿನ ಮೃಗಾಲಯ ಆಗಿದೆ, ಬನ್ನೇರುಘಟ್ಟ ಎರಡು ಸಲ ಆಗಿದೆ, ನಂದಿಬೆಟ್ಟದಲ್ಲಿ ಬಂಡೆಗಿಂತ ವಾಹನಗಳೇ ಹೆಚ್ಚು. ಈ ಸಲ ಜಯನಗರದ ನಮ್ಮ ರಸ್ತೆಯ ನಾಲ್ಕೈದು ಮನೆಯವರು ಸೇರಿ ಒಂದು ಮಿನಿ ಬಸ್ ಗೊತ್ತು ಮಾಡಿದೆವು. ಬೆಳಿಗ್ಗೆ ಕೋಲಾರ, ಮಧ್ಯಾಹ್ನ ಕೆ.ಜಿ.ಎಫ್., ರಾತ್ರಿ ಊಟಕ್ಕೆ ಮನೆ.

ಮಕ್ಕಳು ಕುಣಿದಾಡಿದರು. ಅವರಿಗೆ ಕೆ.ಜಿ.ಎಫ್. ಎಂದರೆ 2018ರಲ್ಲಿ ಬಂದ ಸಿನಿಮಾ. ಪಕ್ಕದ ಬಂಗಾರಪೇಟೆ ಎಂದರೆ ಬಣ್ಣವಿಲ್ಲದ ನೀರಿನ ಪಾನಿಪೂರಿ. ‘ಗಣಿಯೊಳಗೆ ಇಳಿಯೋಣವಾ?’ ಎಂದು ಏಳನೇ ತರಗತಿಯ ಹುಡುಗನೊಬ್ಬ ಟಾರ್ಚು ಸಹ ಸಿದ್ಧಮಾಡಿಕೊಂಡ. ಇಳಿಯಲು ಸಾಧ್ಯವಿಲ್ಲ ಎಂದು ಹೇಳುವ ಧೈರ್ಯ ಹಿರಿಯರಾದ ನಮಗ್ಯಾರಿಗೂ ಆಗಲಿಲ್ಲ. ಆ ಮಾತನ್ನು ಮಾರಿಕುಪ್ಪಂವರೆಗೆ ಮುಂದೂಡಿದೆವು.

ಹೊರಡುವ ಹಿಂದಿನ ಭಾನುವಾರ ಒಂದು ಸಣ್ಣ ಪೂರ್ವಸಿದ್ಧತೆ ಮಾಡಿದೆವು. ಮಕ್ಕಳನ್ನು ಲಾಲ್‌ಬಾಗಿನ ಬಂಡೆಯ ಮೇಲೆ ಕೂರಿಸಿದೆವು. ಕೆಂಪೇಗೌಡರ ಗೋಪುರವಿರುವ ಆ ಗುಡ್ಡ ಸುಮಾರು 300 ಕೋಟಿ ವರ್ಷಗಳಷ್ಟು ಹಳೆಯ ಶಿಲೆ. ಅದನ್ನು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕವೆಂದು ಘೋಷಿಸಲಾಗಿದೆ. ನಾವು ದಿನಾ ವಾಯುವಿಹಾರಕ್ಕೆ ಹೋಗುವ ಈ ಹಳೆಯ ನೆಲವೇ ಪೂರ್ವಕ್ಕೆ ಚಾಚಿದೆ. ಅದರ ನಡುವೆ ಕೋಲಾರದ ಹತ್ತಿರ ಕಪ್ಪು ಶಿಲೆಯ ಒಂದು ಕಿರಿದಾದ ಪಟ್ಟಿ ಉತ್ತರ ದಕ್ಷಿಣವಾಗಿ ಹಾದುಹೋಗುತ್ತದೆ. ಚಿನ್ನ ಇದ್ದದ್ದು ಅದರೊಳಗಿನ ಬೆಣಚುಕಲ್ಲಿನ ಎಳೆಗಳಲ್ಲಿ. ಇಷ್ಟು ತಿಳಿದುಕೊಂಡು ಹೊರಟರೆ ಬಸ್ಸಿನ ಕಿಟಕಿಯಾಚೆಯ ಗುಡ್ಡಗಳು ಬರಿಯ ಗುಡ್ಡಗಳಾಗಿ ಉಳಿಯುವುದಿಲ್ಲ.

ಕೋಲಾರ ನಮಗೆ 70 ಕಿಲೋಮೀಟರಿನ ಆಸುಪಾಸು. ದಾರಿಯ ಪಕ್ಕದ ಊರು ಎಂದು ನಾವು ಅಲಕ್ಷಿಸುವ ಈ ಪಟ್ಟಣ ತಲಕಾಡಿಗಿಂತ ಮೊದಲು ಗಂಗರ ರಾಜಧಾನಿಯಾಗಿತ್ತು. ಆಗ ಅದರ ಹೆಸರು ಕುವಳಾಲ. ರಾಜಧಾನಿ ಬದಲಾದ ಮೇಲೂ ಗಂಗ ಅರಸರು ತಮ್ಮನ್ನು ಕುವಳಾಲಪುರದ ಒಡೆಯರೆಂದೇ ಶಾಸನಗಳಲ್ಲಿ ಕರೆದುಕೊಂಡರು. ಗಂಗರ ನಂತರ ಚೋಳರು ಬಂದರು. ಕೋಲಾರಮ್ಮನ ಗುಡಿಯಲ್ಲಿ ರಾಜೇಂದ್ರ ಚೋಳನ ಕಾಲದ ಶಾಸನಗಳಿವೆ. ಅಲ್ಲಿಯೇ ಚೇಳಮ್ಮನ ಸನ್ನಿಧಿಯೂ ಇದೆ. ನೆಲದೊಳಗೆ ಕೊರೆದ ಹಳೆಯ ಹುಂಡಿಗೆ ಭಕ್ತರು ಕಾಣಿಕೆ ಹಾಕುವುದನ್ನು ಕಂಡು ಮಕ್ಕಳು ಅದರ ಸುತ್ತಲೇ ನಿಂತುಬಿಟ್ಟರು. ‘ಚಿನ್ನದ ಊರಿನಲ್ಲಿ ಹುಂಡಿಯೂ ನೆಲದ ಕೆಳಗೇ’ ಎಂದು ಒಬ್ಬಳು ಹೇಳಿದ್ದು ನಮ್ಮ ಪ್ರವಾಸದ ಮೊದಲ ಒಳ್ಳೆಯ ಮಾತು.

ಹತ್ತಿರದಲ್ಲೇ ವಿಜಯನಗರ ಕಾಲದ ಸೋಮೇಶ್ವರ ದೇವಾಲಯ. ಎತ್ತರದ ಗೋಪುರ, ಒಳಗೆ ಕೆತ್ತನೆಯ ಕಲ್ಯಾಣ ಮಂಟಪ. ಅದೇ ಊರಿನಲ್ಲಿ ಹೈದರಾಲಿಯ ತಂದೆ ಫತೇ ಮಹಮದನ ಗೋರಿಯಿರುವ ಮಕ್ಬರ ಇದೆ. ಹೈದರ್ ಹುಟ್ಟಿದ ಬೂದಿಕೋಟೆ ಕೂಡ ಇದೇ ಜಿಲ್ಲೆಯದು. ಗಂಗರು, ಚೋಳರು, ವಿಜಯನಗರದವರು, ಹೈದರನ ಮನೆತನ, ಎಲ್ಲರೂ ನಡೆದುಹೋಗಬಹುದಾದಷ್ಟು ದೂರದೊಳಗೆ ಸಿಗುತ್ತಾರೆ. ಪಠ್ಯಪುಸ್ತಕದಲ್ಲಿ ಬೇರೆ ಬೇರೆ ಅಧ್ಯಾಯಗಳಾಗಿರುವವರು ಇಲ್ಲಿ ನೆರೆಹೊರೆಯವರು.

ಊರಿಗೆ ಅಂಟಿಕೊಂಡಂತಿರುವ ಅಂತರಗಂಗೆ ಬೆಟ್ಟದಲ್ಲಿ ಕಲ್ಲಿನ ಬಸವನ ಬಾಯಿಂದ ನೀರು ಬೀಳುತ್ತದೆ. ಬೆಟ್ಟದ ಮೇಲೆ ದೊಡ್ಡ ದೊಡ್ಡ ಬಂಡೆಗಳ ಸಂದಿಯಲ್ಲಿ ನುಸುಳಬಹುದಾದ ಗವಿಗಳಿವೆ. ದಾರಿ ಬಲ್ಲವರ ಜೊತೆಯಿಲ್ಲದೆ ಅಲ್ಲಿಗೆ ಮಕ್ಕಳನ್ನು ಬಿಡಬಾರದು. ನಾವು ಒಂದೇ ಗವಿಯಲ್ಲಿ ತೆವಳಿ ಹೊರಬಂದೆವು. ಟಾರ್ಚಿನ ಹುಡುಗನ ಆಸೆ ಅರ್ಧ ತೀರಿತು.

ಇಷ್ಟರಲ್ಲಿ ಹನ್ನೆರಡೂವರೆ. ಬುತ್ತಿ ಬಿಚ್ಚಿ ಚಿತ್ರಾನ್ನ ತಿಂದು, ಅಲ್ಲಿಂದ ಸುಮಾರು 30 ಕಿಲೋಮೀಟರ್ ದೂರದ ಕೆ.ಜಿ.ಎಫ್. ತಲುಪಿದೆವು. ದೂರದಿಂದಲೇ ಕಾಣುವ ಕಬ್ಬಿಣದ ಎತ್ತರದ ಚೌಕಟ್ಟುಗಳು, ತುಕ್ಕು ಹಿಡಿದ ರಾಟೆಗಳು, ಬೀಗ ಹಾಕಿದ ಗೇಟುಗಳು. ಆಗ ಮುಂದೂಡಿದ್ದ ಮಾತನ್ನು ಹೇಳಲೇಬೇಕಾಯಿತು. ಗಣಿ 2001ರಲ್ಲಿ ಮುಚ್ಚಿದೆ. ನೀರೆತ್ತುವ ಪಂಪುಗಳು ನಿಂತ ಮೇಲೆ ಒಳಗೆ ನೀರು ತುಂಬಿದೆ. ಯಾರನ್ನೂ ಇಳಿಸುವುದಿಲ್ಲ.

ಮಕ್ಕಳ ಮುಖ ಬಾಡಿತು. ಅದಕ್ಕೆ ಕಾರಣವೂ ಇತ್ತು. ಅವರಲ್ಲೊಬ್ಬಳು ಪೋಲೆಂಡಿನ ಕ್ರಾಕೋ ನಗರದ ಪಕ್ಕದ ವ್ಯೆಲಿಚ್ಕಾ ಉಪ್ಪಿನ ಗಣಿಯ ಬಗ್ಗೆ ಓದಿದ್ದಳು. ಅಲ್ಲಿ ಪ್ರವಾಸಿಗರು ಬೆಳಿಗ್ಗೆ ಹಳೆಯ ರಾಜಧಾನಿ ನೋಡಿ, ಮಧ್ಯಾಹ್ನ ಮಾರ್ಗದರ್ಶಿಯ ಹಿಂದೆ ಗಣಿಗೆ ಇಳಿಯುತ್ತಾರೆ, ಗಣಿಗಾರರು ಉಪ್ಪಿನಲ್ಲೇ ಕೆತ್ತಿದ ಪ್ರಾರ್ಥನಾ ಮಂದಿರ ನೋಡುತ್ತಾರೆ. ‘ಅವರು ಇಳಿಸುತ್ತಾರೆ, ನಾವು ಯಾಕೆ ಇಳಿಸುವುದಿಲ್ಲ?’ ಪ್ರಶ್ನೆ ನ್ಯಾಯವಾದದ್ದೇ. ಆದರೆ ಆ ಉಪ್ಪಿನ ಗಣಿಯ ಒಟ್ಟು ಆಳ 327 ಮೀಟರ್. ನಮ್ಮ ಚಾಂಪಿಯನ್ ರೀಫ್ ಗಣಿಯ ಆಳ 3,200 ಮೀಟರ್, ಅಂದರೆ ಹೆಚ್ಚುಕಡಿಮೆ ಹತ್ತರಷ್ಟು. ಮೆಟ್ರೊದಲ್ಲಿ ಆರ್.ವಿ. ರಸ್ತೆ ನಿಲ್ದಾಣದಿಂದ ಜಯನಗರ, ಸೌತ್ ಎಂಡ್, ಲಾಲ್‌ಬಾಗ್ ದಾಟಿ ನ್ಯಾಷನಲ್ ಕಾಲೇಜು ಸೇರುವಷ್ಟು ದೂರ. ಆ ದೂರವನ್ನು ನೆಲದೊಳಕ್ಕೆ ನೇರವಾಗಿ ನಿಲ್ಲಿಸಿಕೊಳ್ಳಿ ಎಂದಾಗ ಎಲ್ಲರೂ ಸುಮ್ಮನಾದರು.

ನಮ್ಮ ಪುಣ್ಯಕ್ಕೆ, ಪರಿಚಿತರೊಬ್ಬರ ಮೂಲಕ, ಗಣಿಯೊಳಗೆ ವರ್ಷಗಟ್ಟಲೆ ದುಡಿದ ಹಿರಿಯರೊಬ್ಬರು ಜೊತೆಗೆ ಬರಲು ಒಪ್ಪಿದ್ದರು. ಅವರ ಕನ್ನಡದಲ್ಲಿ ತಮಿಳಿನ ರಾಗ, ತೆಲುಗಿನ ಮಾತು ಬೆರೆತಿದ್ದವು. ಗಣಿಯ ಕಾಲೋನಿಗಳಲ್ಲಿ ಬೆಳೆದವರ ಮಾತೇ ಹಾಗೆ. ಅವರ ಹಿರಿಯರು ಉತ್ತರ ಆರ್ಕಾಟ್, ಸೇಲಂ, ಚಿತ್ತೂರು ಕಡೆಯಿಂದ ಕೂಲಿಗೆ ಬಂದವರು. ಬೀಗ ಹಾಕಿದ ಗೇಟಿನ ಮುಂದೆಯೇ ನಿಂತು ಅವರು ನಮ್ಮನ್ನು ಒಳಗೆ ಇಳಿಸಿದರು.

ಕಬ್ಬಿಣದ ಪಂಜರದಲ್ಲಿ ಒತ್ತೊತ್ತಾಗಿ ನಿಂತು ಇಳಿಯುವುದು, ನಡುವೆ ಇಳಿದು ನಡೆದು ಇನ್ನೊಂದು ಪಂಜರ ಹಿಡಿಯುವುದು. ಇಳಿದಷ್ಟೂ ಸೆಕೆ. ತಳದ ಬಂಡೆಯ ಉಷ್ಣತೆ 60 ಡಿಗ್ರಿ ಸೆಲ್ಸಿಯಸ್ ದಾಟುತ್ತಿತ್ತು, ಮೇಲಿನಿಂದ ತಂಪು ಗಾಳಿ ತಳ್ಳದಿದ್ದರೆ ಮನುಷ್ಯ ಅಲ್ಲಿ ಬದುಕಲಾರ. ಬೆಣಚುಕಲ್ಲಿನ ದೂಳು ಶ್ವಾಸಕೋಶ ಸೇರಿ ಸಿಲಿಕೋಸಿಸ್ ಬರುತ್ತಿತ್ತು. ಎಲ್ಲಕ್ಕಿಂತ ದೊಡ್ಡ ಭಯ ಬಂಡೆ ಸಿಡಿತದ್ದು. ಅಷ್ಟು ಆಳದಲ್ಲಿ ಮೇಲಿನ ನೆಲದ ಭಾರವೆಲ್ಲ ಸುರಂಗದ ಗೋಡೆಗಳ ಮೇಲೆ ಬೀಳುತ್ತದೆ. ಒತ್ತಡ ತಾಳಲಾರದೆ ಕಲ್ಲು ಒಮ್ಮೆಲೇ ಸ್ಫೋಟಿಸುತ್ತದೆ. ಮೇಲಿನ ಮನೆಗಳಲ್ಲಿ ಪಾತ್ರೆಗಳು ಅಲುಗಿದಾಗ ಹೆಂಗಸರು ಬಾಗಿಲಿಗೆ ಬಂದು ನಿಲ್ಲುತ್ತಿದ್ದರಂತೆ. ಯಾವ ಪಾಳಿ, ಯಾರು ಒಳಗಿದ್ದಾರೆ ಎಂಬುದೇ ಮೊದಲ ಪ್ರಶ್ನೆ. ಟಾರ್ಚಿನ ಹುಡುಗ ಟಾರ್ಚನ್ನು ಚೀಲಕ್ಕೆ ಹಾಕಿಕೊಂಡ.

ಇಲ್ಲಿ ಚಿನ್ನ ಸಿಗುವುದು ಹೊಸ ಸಂಗತಿಯಾಗಿರಲಿಲ್ಲ. 1802ರ ಸುಮಾರಿಗೆ ಜಾನ್ ವಾರನ್ ಎಂಬ ಬ್ರಿಟಿಷ್ ಅಧಿಕಾರಿ, ಇಲ್ಲಿನ ಹಳ್ಳಿಗರು ಮಣ್ಣು ತೊಳೆದು ಚಿನ್ನದ ಕಣ ತೆಗೆಯುವುದನ್ನು ಕಂಡು ಬರೆದಿಟ್ಟಿದ್ದ. ಬೆಂಗಳೂರಿನಲ್ಲಿ ನೆಲೆಸಿದ್ದ ಮೈಕೇಲ್ ಲವೆಲ್ ಎಂಬ ನಿವೃತ್ತ ಸೈನಿಕ 1870ರ ದಶಕದಲ್ಲಿ ಮೈಸೂರು ಸರ್ಕಾರದಿಂದ ಪರವಾನಗಿ ಪಡೆದ. 1880ರಿಂದ ಜಾನ್ ಟೇಲರ್ ಕಂಪನಿ ದೊಡ್ಡ ಪ್ರಮಾಣದಲ್ಲಿ ಅಗೆಯಿತು. 1956ರಲ್ಲಿ ಮೈಸೂರು ಸರ್ಕಾರ, 1962ರಲ್ಲಿ ಕೇಂದ್ರ ಸರ್ಕಾರ ಗಣಿಗಳನ್ನು ವಹಿಸಿಕೊಂಡವು. 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಸಂಸ್ಥೆಯಾಯಿತು. ನೂರಿಪ್ಪತ್ತು ವರ್ಷಗಳಲ್ಲಿ ತೆಗೆದ ಚಿನ್ನ ಸುಮಾರು 800 ಟನ್. ಮೊದಮೊದಲು ಒಂದು ಟನ್ ಕಲ್ಲಿಗೆ ಹತ್ತಾರು ಗ್ರಾಂ ಸಿಗುತ್ತಿದ್ದುದು ಕೊನೆಗೆ ಸುಮಾರು ಮೂರು ಗ್ರಾಮಿಗೆ ಇಳಿಯಿತು. ಆಳಕ್ಕೆ ಹೋದಷ್ಟೂ ಖರ್ಚು ಏರಿತು, ಚಿನ್ನ ಇಳಿಯಿತು.

‘ಆ ಚಿನ್ನವೆಲ್ಲ ಎಲ್ಲಿಗೆ ಹೋಯಿತು?’ ಎಂದು ಮಕ್ಕಳು ಕೇಳಿದರು. ಕಂಪನಿಯ ಕಾಲದಲ್ಲಿ ಬಹುಪಾಲು ಹಡಗು ಹತ್ತಿತು ಎಂದು ಹೇಳಿ ಮುಗಿಸಬಹುದಿತ್ತು. ಆದರೆ ಈ ಗಣಿಯಿಂದ ನಮ್ಮ ಮನೆಗಳಿಗೆ ಬಂದ ಬೇರೆ ವಸ್ತುಗಳಿವೆ, ಅವನ್ನು ಮಕ್ಕಳಿಗೆ ಹೇಳಲೇಬೇಕು ಅನ್ನಿಸಿತು.

ಮೊದಲನೆಯದು ವಿದ್ಯುತ್ತು. ಗಣಿಯ ಯಂತ್ರಗಳಿಗೆ ಸೌದೆ, ಕಲ್ಲಿದ್ದಲು ಸಾಲದಾದಾಗ, ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ ಶಿವನಸಮುದ್ರದ ಯೋಜನೆ ಕೈಗೆತ್ತಿಕೊಂಡರು. 1902ರಲ್ಲಿ ಕಾವೇರಿಯ ಕರೆಂಟು 147 ಕಿಲೋಮೀಟರ್ ದಾಟಿ ಕೆ.ಜಿ.ಎಫ್. ತಲುಪಿತು. ಅಂದಿನ ಕಾಲಕ್ಕೆ ಅದು ಜಗತ್ತಿನ ಅತಿ ಉದ್ದದ ತಂತಿಮಾರ್ಗಗಳಲ್ಲೊಂದು. ಬೆಂಗಳೂರಿನ ಬೀದಿದೀಪ ಹೊತ್ತಿದ್ದು ಅದಾದ ಮೂರು ವರ್ಷಕ್ಕೆ, 1905ರಲ್ಲಿ. ಗಣಿಗಾಗಿ ಎಳೆದ ಬೆಳಕಿನಲ್ಲಿ ನಮಗೂ ಪಾಲು ಸಿಕ್ಕಿತು.

ಎರಡನೆಯದು ವಿಜ್ಞಾನ. ಆಕಾಶದಿಂದ ಬೀಳುವ ಕಾಸ್ಮಿಕ್ ಕಿರಣಗಳ ಕಣಗಳಲ್ಲಿ ಹೆಚ್ಚಿನವನ್ನು ಬಂಡೆ ತಡೆಯುತ್ತದೆ. ನ್ಯೂಟ್ರಿನೊ ಎಂಬ ಕಣವನ್ನು ಮಾತ್ರ ತಡೆಯಲಾರದು. ಹಾಗಾಗಿ ಅದನ್ನು ಹುಡುಕಬೇಕಾದರೆ ಆಳಕ್ಕೆ ಹೋಗಬೇಕು. 1965ರಲ್ಲಿ ಮುಂಬೈಯ ಟಾಟಾ ಮೂಲಭೂತ ಸಂಶೋಧನಾ ಸಂಸ್ಥೆ, ಜಪಾನಿನ ಒಸಾಕ, ಇಂಗ್ಲೆಂಡಿನ ಡರ್ಹಮ್ ವಿಶ್ವವಿದ್ಯಾಲಯಗಳ ವಿಜ್ಞಾನಿಗಳು ಇಲ್ಲಿ ಸುಮಾರು 2,300 ಮೀಟರ್ ಆಳದಲ್ಲಿ, ವಾತಾವರಣದಲ್ಲಿ ಹುಟ್ಟುವ ನ್ಯೂಟ್ರಿನೊಗಳ ಗುರುತು ಹಿಡಿದರು. ಸರಿಸುಮಾರು ಅದೇ ವೇಳೆಗೆ ದಕ್ಷಿಣ ಆಫ್ರಿಕಾದ ಒಂದು ಚಿನ್ನದ ಗಣಿಯಲ್ಲಿ ಇನ್ನೊಂದು ತಂಡಕ್ಕೂ ಅವು ಸಿಕ್ಕವು. ಅದಕ್ಕಿಂತ ಮೊದಲು ಜಗತ್ತಿನ ಯಾರಿಗೂ ಸಿಕ್ಕಿರಲಿಲ್ಲ. 1950ರ ದಶಕದ ಆರಂಭದಲ್ಲೇ ಉಪಕರಣ ಹೊತ್ತು ಈ ಗಣಿಗೆ ಇಳಿದವರು ನಮ್ಮ ನಂಜನಗೂಡಿನ ಬಿ.ವಿ. ಶ್ರೀಕಂಠನ್. ಮುಂದೆ ಅವರು ಟಾಟಾ ಸಂಸ್ಥೆಯ ನಿರ್ದೇಶಕರಾದರು.

ಮೂರನೆಯದು ನಮ್ಮ ಮನೆಯ ಹತ್ತಿರವೇ ಇದೆ. ಬಂಡೆಯ ಸ್ವಭಾವ ಅಧ್ಯಯನ ಮಾಡುವ ನ್ಯಾಷನಲ್ ಇನ್‌ಸ್ಟಿಟ್ಯೂಟ್ ಆಫ್ ರಾಕ್ ಮೆಕ್ಯಾನಿಕ್ಸ್ 1988ರಲ್ಲಿ ಹುಟ್ಟಿದ್ದು ಕೆ.ಜಿ.ಎಫ್.ನಲ್ಲಿ. ಈಗ ಅದರ ಕಚೇರಿ ಬನಶಂಕರಿ ಎರಡನೇ ಹಂತದಲ್ಲಿ, ಹೊರವರ್ತುಲ ರಸ್ತೆಯ ಬಳಿ. ಅಣೆಕಟ್ಟು, ಸುರಂಗ ಕಟ್ಟುವವರು ಅಲ್ಲಿನ ತಜ್ಞರ ಸಲಹೆ ಕೇಳುತ್ತಾರೆ. ಬಂಡೆ ಯಾವಾಗ ಸಿಡಿಯುತ್ತದೆ ಎಂಬ ಪಾಠವನ್ನು ನಮ್ಮ ದೇಶ ಕಲಿತದ್ದು ಹೆಚ್ಚಾಗಿ ಕೆ.ಜಿ.ಎಫ್.ನ ಕಾರ್ಮಿಕರ ಪ್ರಾಣದ ಬೆಲೆ ಕೊಟ್ಟು.

ಸಂಜೆ ಹಿರಿಯರು ನಮ್ಮನ್ನು ದೂಳಿನ ಗುಡ್ಡಗಳ ಕಡೆಗೆ ಕರೆದೊಯ್ದರು. ಸಿನಿಮಾದಲ್ಲಿ ಕಂಡವು ಇವೇ. ಚಿನ್ನ ಬೇರ್ಪಡಿಸಲು ಕಲ್ಲನ್ನು ಪುಡಿಮಾಡಿ ಸಯನೈಡ್ ಬಳಸಿದ ಮೇಲೆ ಉಳಿದದ್ದನ್ನು ಇಲ್ಲಿ ಸುರಿದಿದ್ದಾರೆ. ಮೂರು ಕೋಟಿ ಟನ್ನಿಗೂ ಹೆಚ್ಚು. ಮಕ್ಕಳು ಹತ್ತಿ ಜಾರಲು ಓಡಿದಾಗ ಅವರು ಗದರಿ ನಿಲ್ಲಿಸಿದರು. ಗಾಳಿಯ ದಿನಗಳಲ್ಲಿ ಈ ಪುಡಿ ಊರಿನ ಅನ್ನದ ತಟ್ಟೆಗೂ ಬಂದು ಕೂರುತ್ತದೆ. ನಾವು ದೂರದಿಂದಲೇ ನೋಡಿ ಹಿಂದಿರುಗಿದೆವು. ಪೋಷಕರೇ, ಚಿತ್ರ ಚೆನ್ನಾಗಿ ಬರುತ್ತದೆಂದು ಮಕ್ಕಳನ್ನು ಆ ಗುಡ್ಡ ಹತ್ತಿಸಬೇಡಿ.

ಗಣಿ ಮುಚ್ಚಿದಾಗ ಕೆಲಸ ಕಳೆದುಕೊಂಡವರು ಮೂರು ಸಾವಿರಕ್ಕೂ ಹೆಚ್ಚು. ಅವರ ಮಕ್ಕಳೇನಾದರು? ಅದಕ್ಕೆ ಉತ್ತರ ಮಾರಿಕುಪ್ಪಂ ನಿಲ್ದಾಣದಲ್ಲಿದೆ. ಅಲ್ಲಿಂದ ಬೆಳಗಿನ ಜಾವದಲ್ಲೇ ಬೆಂಗಳೂರಿಗೆ ರೈಲು ಹೊರಡುತ್ತದೆ. ಸಾವಿರಾರು ಜನ ದಿನವೂ ಅದರಲ್ಲಿ ಬಂದು, ಕೆಲಸ ಮುಗಿಸಿ, ರಾತ್ರಿ ಮನೆ ಸೇರುತ್ತಾರೆ. ಕೆಲವರಿಗೆ ಸೀಟು ಸಿಗುತ್ತದೆ, ಹಲವರು ನಿಂತೇ ಬರುತ್ತಾರೆ. ನಾವು ವರ್ಷಕ್ಕೊಮ್ಮೆ ಬುತ್ತಿ ಕಟ್ಟಿಕೊಂಡು, ದಣಿವಾಯಿತೆಂದು ಮಾರನೆಯ ದಿನ ಮಲಗುವಂಥ ಪ್ರಯಾಣವನ್ನು ಅವರು ದಿನಂಪ್ರತಿ ಎದುರು ದಿಕ್ಕಿನಲ್ಲಿ ಮಾಡುತ್ತಾರೆ. ನಮ್ಮ ಅಂಗಡಿ, ಆಸ್ಪತ್ರೆ, ಕಾರ್ಖಾನೆ, ಕಚೇರಿಗಳಲ್ಲಿ ಅವರಿದ್ದಾರೆ. ನಾವು ಊರು ಕೇಳಿಲ್ಲ, ಅಷ್ಟೆ.

ಈ ಪ್ರವಾಸ ಮಾಡಬೇಕೆನ್ನುವವರಿಗೆ ನನ್ನ ಸಲಹೆ ಇಷ್ಟು. ಬೆಳಿಗ್ಗೆ ಆರಕ್ಕೆ ಹೊರಡಿ. ಕೋಲಾರದಲ್ಲಿ ಎಲ್ಲವನ್ನೂ ನೋಡುವ ಹಟ ಬೇಡ, ಎರಡು ಸ್ಥಳ ಸಾಕು. ನೀರು, ಟೋಪಿ, ಬುತ್ತಿ ಇರಲಿ. ಮುಚ್ಚಿದ ಗಣಿಯ ಬೇಲಿಯೊಳಗೆ ಕಾಲಿಡಬೇಡಿ, ಹಳೆಯ ಬಾವಿಗಳು ಅಪಾಯಕಾರಿ. ಇಸವಿಗಳನ್ನು ಒಪ್ಪಿಸುವ ಮಾರ್ಗದರ್ಶಿ ಸಿಕ್ಕರೆ ಸಂತೋಷ. ಆದರೆ ಗಣಿಗೆ ಇಳಿದು ಬಂದವರೊಬ್ಬರನ್ನು ಹೇಗಾದರೂ ಹುಡುಕಿ, ಅವರ ಹೊತ್ತಿಗೆ ತಕ್ಕ ಗೌರವಧನ ಕೊಡಿ. ಕೊನೆಯ ಪಾಳಿಯಲ್ಲಿದ್ದವರಿಗೂ ಈಗ ವಯಸ್ಸಾಗುತ್ತಿದೆ. ಗೇಟುಗಳು ಇನ್ನೂ ಐವತ್ತು ವರ್ಷ ಇರಬಹುದು, ಅವರು ಇರುವುದಿಲ್ಲ.

ಮರುವಾರ ಆ ಟಾರ್ಚಿನ ಹುಡುಗನೊಂದಿಗೆ ಮೆಟ್ರೊದಲ್ಲಿ ಮಾರುಕಟ್ಟೆಗೆ ಹೊರಟಿದ್ದೆ. ನ್ಯಾಷನಲ್ ಕಾಲೇಜು ನಿಲ್ದಾಣ ದಾಟಿ ರೈಲು ಸುರಂಗಕ್ಕೆ ಇಳಿಯಿತು. ದಿನವೂ ಮೊಬೈಲು ನೋಡುತ್ತ ಕೂರುವವನು ಕಿಟಕಿಗೆ ಮುಖ ಒತ್ತಿ ಕತ್ತಲನ್ನು ನೋಡಿದ. ಆಮೇಲೆ ಕೇಳಿದ: ‘ಇದನ್ನು ಕೊರೆದವರು ಯಾವ ಊರಿನವರು?’