ಸೋಲಿಸಿದ್ದು ಆಯ್ತು, ಲೆಕ್ಕ ಕೇಳಿದ್ದು ಯಾವಾಗ?

2023ರ ಮೇ 13ರ ಮಧ್ಯಾಹ್ನ ನಮ್ಮ ಕಡೆ ಯಾವ ಚಾದಂಗಡಿಯಲ್ಲಿ ಕೂತರೂ ಒಂದೇ ಮಾತು: "ಬುದ್ಧಿ ಕಲಿಸಿದ್ವಿ ನೋಡ್ರಿ!" ಕಲಿಸಿದ್ದೂ ಹೌದು. ಹಡಗಲಿಯಲ್ಲಿ ಪರಮೇಶ್ವರ ನಾಯ್ಕರು ಸೋತರು, ಹಗರಿಬೊಮ್ಮನಹಳ್ಳಿಯಲ್ಲಿ ಭೀಮಾ ನಾಯ್ಕರು ಸೋತರು, ಹರಪನಹಳ್ಳಿಯಲ್ಲಿ ಕರುಣಾಕರ ರೆಡ್ಡಿಯವರು ಸೋತರು. ಕೂಡ್ಲಿಗಿಯವರಿಗೆ ಮಾತ್ರ ಸೋಲಿಸುವ ಭಾಗ್ಯವೂ ಸಿಗಲಿಲ್ಲ. ಅಲ್ಲಿ ಬಿಜೆಪಿಯಿಂದ ಗೆದ್ದಿದ್ದ ಗೋಪಾಲಕೃಷ್ಣ ಅವರು ಚುನಾವಣೆ ಹೊತ್ತಿಗೆ ಪಕ್ಷವನ್ನೂ ಬಿಟ್ಟು, ಕ್ಷೇತ್ರವನ್ನೂ ಬಿಟ್ಟು, ಮೊಳಕಾಲ್ಮುರಿಗೆ ಹೋಗಿ ಕಾಂಗ್ರೆಸ್ಸಿನಿಂದ ಗೆದ್ದು ಕೂತರು. ಕೂಡ್ಲಿಗಿಯ ಮತದಾರ ಯಾರಿಗೆ ಬುದ್ಧಿ ಕಲಿಸಬೇಕು? ಮೊಳಕಾಲ್ಮುರಿನಲ್ಲಿ ಅವನಿಗೆ ಓಟಿಲ್ಲ.

ಹೊಸಬರು ಯಾರು ಅಂತ ನೋಡಿ. ಕೂಡ್ಲಿಗಿಗೆ ಕಾಂಗ್ರೆಸ್, ಹಡಗಲಿಗೆ ಬಿಜೆಪಿ, ಕೊಟ್ಟೂರನ್ನೂ ಸೇರಿಸಿಕೊಂಡ ಹಗರಿಬೊಮ್ಮನಹಳ್ಳಿಗೆ ಜೆಡಿಎಸ್, ಹರಪನಹಳ್ಳಿಗೆ ಪಕ್ಷೇತರ. ಐದು ಊರು, ನಾಲ್ಕು ಕ್ಷೇತ್ರ, ನಾಲ್ಕು ಬಣ್ಣ. ಪಕ್ಕಪಕ್ಕದ ತಾಲ್ಲೂಕುಗಳು, ಒಂದೇ ಥರದ ನೆಲ, ಒಂದೇ ಬರ, ಒಂದೇ ಗುಳೆ. ಉತ್ತರ ಮಾತ್ರ ನಾಲ್ಕು. ಯಾವ ಪಕ್ಷವೂ ನಮ್ಮನ್ನು ಜೇಬಲ್ಲಿ ಇಟ್ಟುಕೊಳ್ಳೋಕೆ ಆಗಲ್ಲ ಅಂತ ಇದನ್ನೇ ಹೆಮ್ಮೆಯಿಂದ ಹೇಳೋರಿದ್ದಾರೆ. ನಾನೂ ಸ್ವಲ್ಪ ದಿನ ಹೇಳಿದವನೇ.

ಈಗ ಹೇಳಲ್ಲ. ಯಾಕಂದ್ರೆ ಹರಪನಹಳ್ಳಿಯ ಕಥೆ ನೆನಪಾಗುತ್ತೆ.

1997ರಲ್ಲಿ ದಾವಣಗೆರೆ ಜಿಲ್ಲೆಯಾದಾಗ ಹರಪನಹಳ್ಳಿಯನ್ನು ಬಳ್ಳಾರಿಯಿಂದ ಕಿತ್ತು ಅಲ್ಲಿಗೆ ಸೇರಿಸಿದರು. ಊರು ಹತ್ತಿರ, ಒಳ್ಳೇದಾಯ್ತು ಅಂದವರೂ ಇದ್ದರು. ಆಮೇಲೆ 371ಜೆ ಬಂತು. ಬಳ್ಳಾರಿಯೂ ಸೇರಿ ಆರು ಜಿಲ್ಲೆಗೆ ವಿಶೇಷ ಸ್ಥಾನಮಾನ. ಆ ಭಾಗದ ವೃತ್ತಿಶಿಕ್ಷಣ ಕಾಲೇಜುಗಳಲ್ಲಿ ಸ್ಥಳೀಯ ಮಕ್ಕಳಿಗೆ ನೂರಕ್ಕೆ 70 ಸೀಟು, ಉಳಿದ ಕರ್ನಾಟಕದಲ್ಲಿ 8, ಜೊತೆಗೆ ಸರ್ಕಾರಿ ನೌಕರಿಯಲ್ಲಿ ಪಾಲು. ಹರಪನಹಳ್ಳಿ ಆಗ ದಾವಣಗೆರೆಯಲ್ಲಿತ್ತು, ಹೊರಗುಳೀತು. ಗಡಿಯ ಆಚೆ ಹಡಗಲಿಯ ಹುಡುಗಿಗೆ ಸಿಗೋ ಸೀಟು, ಅಷ್ಟೇ ಅಂಕ ತೆಗೆದ ಈಚೆ ಹರಪನಹಳ್ಳಿಯ ಹುಡುಗಿಗೆ ಸಿಗಲ್ಲ. ಇಷ್ಟು ಬಿಚ್ಚಿಟ್ಟು ಹೇಳಬಹುದಾದ ಅನ್ಯಾಯ ರಾಜಕೀಯದಲ್ಲಿ ಅಪರೂಪ. ಜನ ಬೀದಿಗಿಳಿದರು, ಬಂದ್ ಮಾಡಿದರು, ಚುನಾವಣೆ ಬರಲಿ ಅಂತ ಕಾಯಲಿಲ್ಲ. ಆಗ ಶಾಸಕರಾಗಿದ್ದವರು ಎಂ.ಪಿ. ಪ್ರಕಾಶರ ಮಗ ಎಂ.ಪಿ. ರವೀಂದ್ರ. ಅವರೂ ಬೆಂಗಳೂರಿಗೆ ಓಡಾಡಿದರು. 2018ರಲ್ಲಿ ಹರಪನಹಳ್ಳಿ ಮತ್ತೆ ಬಳ್ಳಾರಿಗೆ ಸೇರಿತು, 371ಜೆ ಸಿಕ್ಕಿತು.

ಅದೇ 2018ರಲ್ಲಿ ರವೀಂದ್ರ ಸೋತರು. ಆ ವರ್ಷ ಮುಗಿಯೋದರೊಳಗೆ ತೀರಿಯೂ ಹೋದರು.

ಅವರು ಬೇರೆ ಎಲ್ಲದರಲ್ಲೂ ಸರಿ ಇದ್ದರು ಅಂತ ನನ್ನ ವಾದವಲ್ಲ, ಸೋಲಿಗೆ ಹತ್ತು ಕಾರಣ ಇರಬಹುದು. ಆದರೆ ನೀವೇ ಹೇಳಿ: ಮಾತು ಉಳಿಸಿದವನೂ ಸೋಲ್ತಾನೆ, ಉಳಿಸದವನೂ ಸೋಲ್ತಾನೆ ಅಂದಮೇಲೆ ಸೋಲಿನಿಂದ ರಾಜಕಾರಣಿ ಏನು ಪಾಠ ಕಲೀಬೇಕು? 2023ರಲ್ಲಿ ಅದೇ ಊರು ಅವರ ಅಕ್ಕ-ತಂಗಿಯರಲ್ಲೊಬ್ಬರಾದ ಲತಾ ಅವರನ್ನು ಪಕ್ಷೇತರರಾಗಿ ಗೆಲ್ಲಿಸಿತು. ಅದು ತಮ್ಮ ಮನೆಯವರು ಮಾಡಿದ ಕೆಲಸಕ್ಕೆ ಬಿದ್ದ ಓಟೋ, ಮನೆತನಕ್ಕೆ ಬಿದ್ದಿದ್ದೋ, ರೆಡ್ಡಿಯವರ ಮೇಲಿನ ಸಿಟ್ಟೋ? ಇವಿಎಂನಲ್ಲಿ ಗುಂಡಿ ಇದೆ, ಕಾರಣ ಬರೆಯೋಕೆ ಜಾಗ ಇಲ್ಲ.

ಅಂಗಡಿ ಉದ್ರಿ ಪುಸ್ತಕ ನೋಡಿದ್ದೀರಲ್ಲ. ಅಪ್ಪ ಉದ್ರಿ ತಂದು ಸತ್ತರೆ ಮಗನ ಹೆಸರಿಗೆ ಪುಟ ತಿರುಗುತ್ತೆ, ಬಾಕಿ ಹರಿಯಲ್ಲ. ನಾವು ಮಾತ್ರ ಶಾಸಕರನ್ನು ಬದಲಾಯಿಸಿದ ದಿನವೇ ಹಳೇ ಪುಟ ಹರಿದು ಬಿಸಾಡ್ತೀವಿ. ಹೊಸಬ ಬಂದು "ಅದು ಹಿಂದಿನವರು ಹೇಳಿದ್ದು, ನನ್ನ ಕೇಳಬೇಡಿ" ಅಂದರೆ ಹೌದಲ್ಲ ಅಂತ ತಲೆ ಆಡಿಸ್ತೀವಿ. ಕೊಟ್ಟೂರು–ಹರಿಹರ ರೈಲನ್ನೇ ತಗೊಳ್ಳಿ. ಹೆಚ್ಚೂಕಡಿಮೆ 65 ಕಿಲೋಮೀಟರ್ ದಾರಿ, ತೊಂಬತ್ತರ ದಶಕದ ನಡುವೆ ಮಂಜೂರು. ಹೊಸಪೇಟೆಯಿಂದ ಕೊಟ್ಟೂರು ಮೇಲೆ ಹರಿಹರಕ್ಕೆ ಪ್ಯಾಸೆಂಜರ್ ಓಡಿದ್ದು 2019ರಲ್ಲಿ. 1996ರಿಂದ ಅಲ್ಲಿತನಕ ಏಳು ಲೋಕಸಭಾ ಚುನಾವಣೆ ಬಂದುಹೋದವು. ಆ ಏಳರಲ್ಲೂ ರೈಲು ಬಿಡ್ತೀವಿ ಅನ್ನೋ ಮಾತು ಹೊಸದಾಗಿ ಮಾರಾಟ ಆಯ್ತು, ನಾವೂ ಹೊಸದಾಗಿ ಕೊಂಡ್ವಿ.

ಕೋರ್ಟಿಗೆ ಹೋಗೋಣ ಅಂದ್ರೆ ಅದೂ ಸುಲಭ ಇಲ್ಲ. ತಮಿಳುನಾಡಿನ ಟಿವಿ-ಮಿಕ್ಸಿ ಭರವಸೆಗಳ ಪ್ರಕರಣದಲ್ಲಿ 2013ರಲ್ಲಿ ಸುಪ್ರೀಂ ಕೋರ್ಟು, ಪ್ರಣಾಳಿಕೆಯ ಭರವಸೆ ಚುನಾವಣಾ ಭ್ರಷ್ಟಾಚಾರ ಆಗಲ್ಲ ಅಂದಿತು. ಚುನಾವಣಾ ಆಯೋಗಕ್ಕೆ ಮಾರ್ಗಸೂಚಿ ಮಾಡಿ ಅಂತ ಹೇಳಿತು. ಆಯೋಗ ಮಾಡಿತು: ಭರವಸೆಗೆ ದುಡ್ಡು ಎಲ್ಲಿಂದ ತರ್ತೀರಿ ಅಂತ ಪಕ್ಷಗಳು ಸ್ಥೂಲವಾಗಿ ತಿಳಿಸಬೇಕಂತೆ. ನಮ್ಮ ಕಡೆ ಯಾವ ವೇದಿಕೆಯಲ್ಲಿ ಅದನ್ನು ತಿಳಿಸಿದ್ದು ಕೇಳಿದ್ದೀರಿ? ಶಾಸಕರನ್ನು ನಡುವೆ ವಾಪಸ್ ಕರೆಸುವ ಹಕ್ಕೂ ನಮಗಿಲ್ಲ.

ಆದರೆ ಒಂದು ದಾರಿ ಇದೆ, ಅದನ್ನು ನಾವು ಬಳಸಿಯೇ ಇಲ್ಲ. ಬಸ್ ಸ್ಟ್ಯಾಂಡ್ ಮುಂದೆ ಮೈಕಿನಲ್ಲಿ ಹೇಳಿದ ಮಾತಿಗೆ ವಾರಸುದಾರರಿಲ್ಲ. ಅದೇ ಮಾತನ್ನು ಮಂತ್ರಿ ವಿಧಾನಸಭೆಯಲ್ಲಿ ಹೇಳಿದರೆ ಅದು ಕಡತಕ್ಕೆ ಹೋಗುತ್ತೆ. ಸರ್ಕಾರಿ ಭರವಸೆಗಳ ಸಮಿತಿ ಅಂತ ಒಂದಿದೆ, ಸದನದಲ್ಲಿ ಕೊಟ್ಟ ಮಾತು ಏನಾಯ್ತು ಅಂತ ಇಲಾಖೆಯನ್ನು ಕೇಳೋದೇ ಅದರ ಕೆಲಸ. ಹಾಗಾಗಿ ಶಾಸಕರ ಮನೆ ಮುಂದೆ ಹಾರ ಹಿಡಿದು ನಿಲ್ಲೋ ಬದಲು, "ಕೂಡ್ಲಿಗಿಯ ಕೆರೆಗಳಿಗೆ ತುಂಗಭದ್ರೆ ನೀರು ಯಾವ ತಿಂಗಳಿಗೆ, ಎಷ್ಟು ಕೆರೆಗೆ ಅಂತ ಈ ಅಧಿವೇಶನದಲ್ಲಿ ಪ್ರಶ್ನೆ ಹಾಕ್ರಿ, ಉತ್ತರದ ಪ್ರತಿ ನಮಗೆ ಕೊಡ್ರಿ" ಅಂತ ಕೇಳಬಹುದು. ಬರೀ ನೀರು ಕೊಡಿ ಅಂದರೆ ಅವರೂ ಬರೀ ಕೊಡ್ತೀವಿ ಅಂತಾರೆ. ಕೊಟ್ಟೂರಿಗೆ ತಾಲ್ಲೂಕು ಬೇಕು ಅಂದ್ವಿ, 2017ರ ಬಜೆಟ್ಟಿನಲ್ಲಿ ಘೋಷಿಸಿದರು. ಯಾವ ಯಾವ ಕಚೇರಿ, ಎಷ್ಟು ಸಿಬ್ಬಂದಿ, ಯಾವಾಗ ಅಂತ ಆಗಲೇ ಬರೆಸಿಕೊಂಡವರು ಎಷ್ಟು ಜನ?

ಕೇಳೋಕೆ ನಾಲಿಗೆ ಏಳಲ್ಲ, ಯಾಕೆ ಅಂತ ಎಲ್ಲರಿಗೂ ಗೊತ್ತು. ಹಿಂದಿನ ರಾತ್ರಿ ಐನೂರರ ನೋಟು ಬಂದಿರುತ್ತೆ. ಕಾಫಿ ತೋಟಕ್ಕೋ ಕಬ್ಬು ಕಡಿಯೋಕೋ ಗುಳೆ ಹೋದ ತಾಂಡಾದವರನ್ನು ಗಾಡಿ ಮಾಡಿ ಕರೆಸಿ, ಓಟು ಹಾಕಿಸಿ, ವಾಪಸ್ ಕಳಿಸಿರ್ತಾರೆ. "ಕೊಟ್ಟಿದ್ದೀವಲ್ಲ, ಇನ್ನೇನು?" ಅಂತಾರೆ. ಅಲ್ರೀ, ಐನೂರನ್ನು ಐದು ವರ್ಷಕ್ಕೆ ಹಂಚಿದರೆ ದಿನಕ್ಕೆ ಮೂವತ್ತು ಪೈಸೆಯೂ ಆಗಲ್ಲ. ಗುಳೆ ನಿಲ್ಲಿಸ್ತೀವಿ ಅಂತ ಮಾತು ಕೊಟ್ಟವರೇ ಗುಳೆಯಿಂದ ಕರೆತರೋಕೆ ಬಸ್ಸು ಮಾಡ್ತಾರಲ್ಲ, ಆ ಬಸ್ಸಿನ ಬಾಡಿಗೆಯೇ ಅವರು ಮಾತು ತಪ್ಪಿದ್ದಕ್ಕೆ ರಸೀದಿ. ದುಡ್ಡು ಇಸ್ಕೊಂಡವರೂ ಕೇಳಲಿ. ಕೊಟ್ಟವನಿಗೇ ನಾಚಿಕೆ ಇಲ್ಲದಿರುವಾಗ ಕೂಲಿಯವನಿಗೆ ಯಾಕೆ?

ಇನ್ನು, ಮರೆವು ನಮ್ಮ ಗುಣ ಅಂತ ಮಾತ್ರ ಯಾರೂ ಹೇಳಬೇಡಿ. ಹಡಗಲಿ ತಾಲ್ಲೂಕಿನ ಮೈಲಾರದಲ್ಲಿ ಭರತ ಹುಣ್ಣಿಮೆ ಆದಮೇಲೆ ಗೊರವಯ್ಯ ಬಿಲ್ಲು ಏರಿ "ಸದ್ದಲೇ" ಅಂತ ಕೂಗಿ ಒಂದೇ ಒಂದು ಸಾಲು ನುಡೀತಾನೆ. ಲಕ್ಷ ಜನ ಉಸಿರು ಬಿಗಿಹಿಡಿದು ಕೇಳ್ತಾರೆ. ಹೋದ ವರ್ಷದ್ದು ಏನು, ಮಳೆ ಬಂತಾ, ನುಡಿ ಫಲಿಸ್ತಾ ಅಂತ ಮುದುಕರು ಅಕ್ಷರ ತಪ್ಪದೆ ತಾಳೆ ಹಾಕ್ತಾರೆ. ಆ ಕಿವಿ, ಆ ನೆನಪು ನಮ್ಮದೇ.

ಮೊನ್ನೆ ಕೊಟ್ಟೂರಿನಲ್ಲಿ ಪರಿಚಯದ ಒಬ್ಬ ಅಂಗಡಿಯವರನ್ನು ಕೇಳಿದೆ, "ಅಣ್ಣಾ, ಎಲೆಕ್ಷನ್ ಟೈಮಲ್ಲಿ ಕಟ್ಟುಗಟ್ಟಲೆ ಕರಪತ್ರ ಕೊಟ್ಟು ಹೋಗಿದ್ರಲ್ಲ, ಒಂದಾದ್ರೂ ಐತಾ? ಏನೇನು ಬರೆದಿದ್ರು ನೋಡಬೇಕಿತ್ತು." ಮೂವತ್ತು ವರ್ಷದ ಉದ್ರಿ ಪುಸ್ತಕಗಳನ್ನು ಒಂದೂ ಬಿಡದೆ ಅಟ್ಟದ ಮೇಲೆ ಜೋಡಿಸಿಟ್ಟ ಮನುಷ್ಯ. ತಲೆ ಕೆರೆದುಕೊಂಡು ಹೇಳಿದರು:

"ಅಯ್ಯೋ, ಅದರಾಗ ಮಂಡಕ್ಕಿ ಕಟ್ಟಿ ಕೊಟ್ಟುಬಿಟ್ಟೆನಲ್ಲೋ ತಮ್ಮಾ."