ಸಾಕ್ಷ್ಯಚಿತ್ರಕಾರನ ಶ್ರಮ, ನಮ್ಮ ಕರ್ತವ್ಯ

ಚಲಚ್ಚಿತ್ರವೆಂದೊಡನೆ ನಮ್ಮ ಕಣ್ಣೆದುರು ನಿಲ್ಲುವವರು ನಟನಟಿಯರು. ಇದ್ದುದನ್ನು ಇದ್ದಂತೆ ಚಿತ್ರಿಸುವ ಸಾಕ್ಷ್ಯಚಿತ್ರದ ನಿರ್ಮಾಪಕನನ್ನು ಕುರಿತು ವಿಚಾರಿಸುವವರು ವಿರಳ. 1948ರಲ್ಲಿ ಸ್ಥಾಪಿತವಾದ ಸರ್ಕಾರಿ ಸಂಸ್ಥೆ ಫಿಲಂಸ್ ಡಿವಿಜನ್ನಿನ ಚಿತ್ರಗಳನ್ನು ಮುಖ್ಯ ಚಿತ್ರಕ್ಕೆ ಮುನ್ನ ಕಡ್ಡಾಯವಾಗಿ ತೋರಿಸುತ್ತಿದ್ದ ಕಾಲ ನಮ್ಮ ಹಿರಿಯ ವಾಚಕರಿಗೆ ನೆನಪಿರಬಹುದು. ಆ ಪದ್ಧತಿ ಅಳಿಯಿತು. 2022ರಲ್ಲಿ ಆ ಸಂಸ್ಥೆಯೂ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನವಾಯಿತು. ಹೀಗಿರಲು, ಯಾರ ಸಂಬಳವೂ ಇಲ್ಲದೆ ಸ್ವತಂತ್ರವಾಗಿ ಈ ಉದ್ಯೋಗ ಹಿಡಿದವನ ಪಾಡೇನು?

ದಿಲ್ಲಿಯ ಶೌನಕ್ ಸೇನರ ವೃತ್ತಿಜೀವನ ಇದಕ್ಕೆ ನಿದರ್ಶನ. ಜಾಮಿಯಾ ಮಿಲ್ಲಿಯಾ ವಿಶ್ವವಿದ್ಯಾನಿಲಯದಲ್ಲಿ ಚಿತ್ರನಿರ್ಮಾಣ ಕಲಿತ ಇವರು 2015ರಲ್ಲಿ ‘ಸಿಟೀಸ್ ಆಫ್ ಸ್ಲೀಪ್’ ಎಂಬ ಚಿತ್ರವನ್ನು ನಿರ್ದೇಶಿಸಿದರು. ಅದರ ವಸ್ತು ನಿದ್ರೆ. ಯಮುನೆಯ ಹಳೆಯ ಕಬ್ಬಿಣದ ಸೇತುವೆಯ ಕೆಳಗೆ ಜೋಪಡಿ ಸಿನಿಮಾಗಳುಂಟು. ಮನೆಯಿಲ್ಲದವರು ಅಲ್ಲಿ ಪುಡಿಗಾಸು ತೆತ್ತು, ಚಿತ್ರ ಓಡುತ್ತಿರುವಂತೆಯೇ ಹಗಲು ನಿದ್ರಿಸುತ್ತಾರೆ. ಮಲಗುವ ತಾಣಕ್ಕೂ ಬೆಲೆ ತೆರಬೇಕಾದ ನಗರವಿದು! ಒಲೆ ಆರಿದ ಬಳಿಕ ಹೋಟೆಲಿನ ಮೇಜುಗಳನ್ನು ಜೋಡಿಸಿ ಮಲಗಿದ ಅನುಭವವುಳ್ಳ ನಮ್ಮ ಸೋದರರಿಗೆ ಈ ಮಾತನ್ನು ವಿವರಿಸಿ ಹೇಳಬೇಕಾಗಿಲ್ಲ.

ಮುಂದಿನ ಚಿತ್ರ ‘ಆಲ್ ದಟ್ ಬ್ರೀದ್ಸ್’ ಬೆಳಕು ಕಂಡದ್ದು 2022ರಲ್ಲಿ, ಅಂದರೆ ಏಳು ವರ್ಷಗಳ ತರುವಾಯ. ವಜೀರಾಬಾದಿನ ಇಬ್ಬರು ಸೋದರರು ನೆಲಮಾಳಿಗೆಯಲ್ಲಿ, ಹೊಟ್ಟೆಪಾಡಿನ ಕೆಲಸದ ನಡುವೆಯೇ, ದಿಲ್ಲಿಯ ಕಲುಷಿತ ಆಕಾಶದಿಂದ ಬಿದ್ದ ಹದ್ದುಗಳನ್ನು ಶುಶ್ರೂಷಿಸುವ ಕಥನವಿದು. ಇದರ ನಿರ್ಮಾಣದ ಹೊಣೆಯನ್ನು ಸೇನರೊಂದಿಗೆ ಅಮನ್ ಮಾನ್ ಹಾಗೂ ಬ್ರಿಟನ್ನಿನ ಟೆಡ್ಡಿ ಲೈಫರ್ ಹೊತ್ತರು. ಅದೇ ವರ್ಷ ಅಮೆರಿಕದ ಸನ್‌ಡ್ಯಾನ್ಸ್ ಉತ್ಸವದಲ್ಲಿ ವಿಶ್ವ ಸಾಕ್ಷ್ಯಚಿತ್ರ ವಿಭಾಗದ ಪ್ರಥಮ ಪಾರಿತೋಷಕವೂ, ಫ್ರಾನ್ಸಿನ ಕಾನ್ ಉತ್ಸವದಲ್ಲಿ ಸಾಕ್ಷ್ಯಚಿತ್ರಕ್ಕೆಂದೇ ಮೀಸಲಾದ ‘ಸ್ವರ್ಣನೇತ್ರ’ ಪ್ರಶಸ್ತಿಯೂ ಅದಕ್ಕೆ ದೊರೆತವು. 2023ರಲ್ಲಿ ಆಸ್ಕರ್ ಸ್ಪರ್ಧೆಯ ಅಂತಿಮ ಐದರಲ್ಲಿ ಅದು ಸ್ಥಾನ ಪಡೆಯಿತು.

ಇದು ಅಭಿಮಾನದ ಸಂಗತಿಯೇ ಸರಿ. ಆದರೆ ಇಷ್ಟಕ್ಕೇ ಹಿಗ್ಗಿ ಸುಮ್ಮನಾಗುವುದು ಉಚಿತವಲ್ಲ. ಒಬ್ಬರಿಗೆ ದೊರೆತ ಕೀರ್ತಿ ಆ ವೃತ್ತಿಯಲ್ಲಿರುವ ಹಲವರ ಹೊಟ್ಟೆ ತುಂಬದು. ಸ್ವತಂತ್ರ ನಿರ್ಮಾಪಕನಿಗೆ ಒಂದನೆಯ ತಾರೀಖಿನ ಸಂಬಳವಿಲ್ಲ, ಪ್ರಾವಿಡೆಂಟ್ ಫಂಡ್ ಇಲ್ಲ; ವರ್ಷಗಟ್ಟಲೆ ದುಡಿದು ಮುಗಿಸಿದ ಚಿತ್ರಕ್ಕೆ ಊರಿನ ಚಿತ್ರಮಂದಿರದ ಬಾಗಿಲು ತೆರೆಯುವುದೆಂಬ ಭರವಸೆಯೂ ಇಲ್ಲ. ದಿಲ್ಲಿಯ ದುಡಿಮೆಗಾರನ ಬಾಳು ದೂರದೇಶಗಳ ತೆರೆಯ ಮೇಲೆ ಮೆರೆಯುತ್ತದೆ. ಆ ದುಡಿಮೆಗಾರನೇ ಅದನ್ನು ಕಾಣದೆ ಉಳಿಯುತ್ತಾನೆ. ಈ ವೈಪರೀತ್ಯ ನೀಗಬೇಕು.

ದಿನವೆಲ್ಲ ಬೆವರಿಳಿಸಿದವನು ರಜೆಯ ದಿನ ವಿನೋದವನ್ನು ಬಯಸಿದರೆ ತಪ್ಪೇನೆಂದು ಕೆಲವರು ಕೇಳಬಹುದು. ತಪ್ಪಿಲ್ಲ. ಆದರೆ ತನ್ನ ಬಾಳನ್ನು ತೆರೆಯ ಮೇಲೆ ಕಂಡು, ನೆರೆಯವನೊಡನೆ ಅದನ್ನು ಚರ್ಚಿಸುವುದರಲ್ಲಿಯೂ ಒಂದು ಬಗೆಯ ವಿಶ್ರಾಂತಿಯುಂಟು, ಸ್ವಾಭಿಮಾನವೂ ಉಂಟು.

ರಾಮಕೃಷ್ಣಪುರದಲ್ಲಿರುವ ದೆಹಲಿ ಕರ್ನಾಟಕ ಸಂಘಕ್ಕೆ ಸ್ವಂತ ಸಭಾಂಗಣವಿದೆ. ಅಲ್ಲಿ ನಾಟಕ, ಸಂಗೀತಗಳ ಜೊತೆಗೆ ತಿಂಗಳಿಗೊಂದು ಸಾಕ್ಷ್ಯಚಿತ್ರವೂ ನಡೆಯಲಿ. ನಿರ್ಮಾಪಕರ ಅನುಮತಿ ಪಡೆದು, ಅವರನ್ನೇ ಆಹ್ವಾನಿಸಿ, ಹೋಟೆಲ್ ಕಾರ್ಮಿಕರಿಗೆ ಬಿಡುವಾಗುವ ಹೊತ್ತನ್ನು ನೋಡಿ ವೇಳೆ ಗೊತ್ತುಮಾಡಲಿ. ಪ್ರವೇಶ ಶುಲ್ಕ ಅಲ್ಪವಿರಲಿ, ಆದರೆ ಇರಲಿ. ಕಲಾವಿದನ ಶ್ರಮವನ್ನು ಬಿಟ್ಟಿಯಾಗಿ ಪಡೆಯುವುದು, ಸ್ವತಃ ಕೂಲಿಗಾಗಿ ಹೋರಾಡಿದ ಜನರಾದ ನಮಗೆ ಶೋಭಿಸದು. ಹೊರನಾಡಿನವರು ಮೆಚ್ಚಿದ್ದನ್ನು ಮನೆಯವರು ನೋಡಿಯಾದರೂ ನೋಡಲಿ ಎಂಬುದೇ ನಮ್ಮ ವಿನಂತಿ.