ಲೋಹಕ್ಕೂ ಮೊದಲು ಬಂದ ಮರಗಟ್ಟುವಿಕೆ

ಮನುಷ್ಯನ ಮೈ ಯಂತ್ರದೊಂದಿಗೆ ಬೆಸೆದುಕೊಳ್ಳುವ ಸಿನಿಮಾಗಳನ್ನು ತಂತ್ರಜ್ಞಾನದ ಭಯದ ಕಥೆಗಳೆಂದು ನೋಡುವುದು ರೂಢಿ. ಜಪಾನಿನ ಶಿನ್ಯಾ ತ್ಸುಕಮೊಟೊ ನಿರ್ದೇಶನದ ‘ತೆತ್ಸುವೊ: ದಿ ಐರನ್ ಮ್ಯಾನ್’ (1989) ಆ ನೋಟಕ್ಕೆ ಒಗ್ಗುವುದಿಲ್ಲ. 16 ಎಂ.ಎಂ. ಕಪ್ಪು-ಬಿಳುಪಿನಲ್ಲಿ ತೆಗೆದ, 67 ನಿಮಿಷಗಳ ಈ ಚಿತ್ರದಲ್ಲಿ ಕಚೇರಿ ನೌಕರನೊಬ್ಬ ಕನ್ನಡಿಯ ಮುಂದೆ ಗಡ್ಡ ಹೆರೆದುಕೊಳ್ಳುವಾಗ ಕೆನ್ನೆಯಲ್ಲೊಂದು ಲೋಹದ ಮುಳ್ಳು ಕಾಣುತ್ತದೆ. ಮುಟ್ಟಿದರೆ ರಕ್ತ. ಅವನು ಗಾಯಕ್ಕೆ ಪಟ್ಟಿ ಅಂಟಿಸಿ, ಕೋಟು ಟೈ ತೊಟ್ಟು, ರೈಲು ನಿಲ್ದಾಣಕ್ಕೆ ಎಂದಿನಂತೆ ಹೋಗಿ ಕೂರುತ್ತಾನೆ. ಮುಂದೆ ಅವನ ಮೈಯೆಲ್ಲ ತಂತಿ, ಕೊಳವೆ, ಗುಜರಿಯ ರಾಶಿಯಾಗುತ್ತದೆ, ನಿಜ. ಆದರೆ ನನ್ನನ್ನು ಹೆಚ್ಚು ಕಂಗೆಡಿಸುವುದು ಆ ಪಟ್ಟಿಯೇ. ತನ್ನ ಮೈಯ ನೋವನ್ನೇ ಮುಚ್ಚಿಟ್ಟು ಹೊರಡಬಲ್ಲವನು ಲೋಹ ಮೂಡುವ ಮೊದಲೇ ಅರ್ಧ ಯಂತ್ರವಾಗಿದ್ದಾನೆ.

ಕಥೆ ಹೇಳುವ ಕಾರಣ ಬೇರೆಯಲ್ಲವೇ ಎಂದು ಯಾರಾದರೂ ಕೇಳಬಹುದು. ನೌಕರನೂ ಅವನ ಗೆಳತಿಯೂ ಕಾರಿನಲ್ಲಿ ಒಬ್ಬನಿಗೆ ಗುದ್ದಿ, ಅವನನ್ನು ಎಸೆದು ಬಂದಿರುತ್ತಾರೆ. ಲೋಹವೆಂಬುದು ಹಾಗೆ ಎಸೆಯಲ್ಪಟ್ಟವನ ಸೇಡು. ಈ ಕಾರಣ ನನ್ನ ಮಾತನ್ನು ಇನ್ನಷ್ಟು ಗಟ್ಟಿ ಮಾಡುತ್ತದೆ. ಇನ್ನೊಬ್ಬನ ಮೈಯನ್ನು ಕಸದಂತೆ ಬಿಸಾಡಲು ಬೇಕಾದ ಮರಗಟ್ಟಿದ ಮನಸ್ಸೇ ತನ್ನ ಗಾಯಕ್ಕೂ ಪಟ್ಟಿ ಹಾಕುತ್ತದೆ. ಚಿತ್ರದ ತಂತ್ರವೂ ಇದನ್ನೇ ಹೇಳುತ್ತದೆ. ಎಷ್ಟೋ ದೃಶ್ಯಗಳಲ್ಲಿ ನಟನನ್ನು ಬೊಂಬೆಯ ಹಾಗೆ ನಿಲ್ಲಿಸಿ, ಒಂದು ಫ್ರೇಮ್ ತೆಗೆದು, ತುಸು ಸರಿಸಿ, ಮತ್ತೊಂದು ತೆಗೆದಿದ್ದಾರೆ. ತೆರೆಯ ಮೇಲೆ ಅವನು ಬೀದಿಯುದ್ದಕ್ಕೂ ಜಾರಿಹೋಗುವಾಗ ಆ ಚಲನೆ ಅವನದಲ್ಲ, ಕ್ಯಾಮೆರಾದ್ದು. ಚು ಇಶಿಕಾವಾ ಅವರ ಲೋಹ ಬಡಿಯುವಂಥ ಸಂಗೀತ ನೋಡುವವರ ಮೈಯನ್ನೂ ಆ ಲಯಕ್ಕೆ ಎಳೆಯುತ್ತದೆ.

ಇದಕ್ಕಿಂತ ಗಂಭೀರವಾದ ಆಕ್ಷೇಪ ಇನ್ನೊಂದಿದೆ. ಪೇಸ್‌ಮೇಕರ್, ಕೃತಕ ಕಾಲು, ಕಾಕ್ಲಿಯರ್ ಇಂಪ್ಲಾಂಟ್‌ಗಳಿಂದ ಬದುಕು ಹಸನಾದ ಅಸಂಖ್ಯ ಜನರಿದ್ದಾರೆ. ಮೈಯೊಳಗಿನ ಲೋಹವನ್ನು ವಿಕಾರವೆಂದು ತೋರಿಸುವುದು ಅವರಿಗೆ ಮಾಡುವ ಅವಮಾನವಲ್ಲವೇ? ಇಂಥ ಚಿತ್ರಗಳಲ್ಲಿ ಎಷ್ಟೋ ಆ ತಪ್ಪು ಮಾಡಿವೆ. ಆದರೆ ಪೇಸ್‌ಮೇಕರ್ ಎದೆಯ ಬಡಿತಕ್ಕೆ ಕಿವಿಗೊಟ್ಟು ಕೆಲಸ ಮಾಡುತ್ತದೆ, ಬಡಿತ ತಪ್ಪಿದಾಗ ಮಾತ್ರ ಮಿಡಿಯುತ್ತದೆ. ‘ತೆತ್ಸುವೊ’ದ ಲೋಹ ಯಾವ ಅಂಗಕ್ಕೂ ನೆರವಾಗುವುದಿಲ್ಲ, ಯಾರ ಒಪ್ಪಿಗೆಯನ್ನೂ ಕೇಳುವುದಿಲ್ಲ. ಡೇವಿಡ್ ಕ್ರೋನೆನ್‌ಬರ್ಗ್ ಅವರ ‘ವಿಡಿಯೊಡ್ರೋಮ್’ (1983) ಚಿತ್ರದಲ್ಲೂ ನಾಯಕನ ಹೊಟ್ಟೆಯ ಸೀಳಿಗೆ ಬೇರೆಯವರು ಕ್ಯಾಸೆಟ್ ತುರುಕುತ್ತಾರೆ, ಅವರ ಆಜ್ಞೆಯಂತೆ ಅವನು ಕೊಲ್ಲುತ್ತಾನೆ. ಎರಡರಲ್ಲೂ ಹೇಸಿಗೆ ಹುಟ್ಟುವುದು ಲೋಹ, ಪ್ಲಾಸ್ಟಿಕ್‌ಗಳಿಂದಲ್ಲ. ಮೈಯ ಮೇಲಿನ ಹಕ್ಕು ಕೈತಪ್ಪಿದ್ದರಿಂದ.

ತ್ಸುಕಮೊಟೊ ಈ ವಿವೇಕವನ್ನು ಎಲ್ಲ ಪಾತ್ರಗಳಿಗೂ ಸಮನಾಗಿ ಹಂಚಿಲ್ಲ. ನಾಯಕನ ಜನನಾಂಗ ಡ್ರಿಲ್ ಆಗಿ ತಿರುಗುವ ದೃಶ್ಯದಲ್ಲಿ ಗೆಳತಿ ಅವನ ರೂಪಾಂತರಕ್ಕೆ ಬಲಿಯಾಗಿ ಸಾಯುತ್ತಾಳೆ. ಅವಳ ಮೈಗೆ ಏನಾಯಿತೆಂಬುದನ್ನು ಚಿತ್ರ ಅವಳ ಕಡೆಯಿಂದ ಕೇಳುವುದೇ ಇಲ್ಲ. ಹಕ್ಕು ಕಳೆದುಕೊಂಡ ದೇಹದ ಬಗ್ಗೆ ಇಷ್ಟು ತೀವ್ರವಾಗಿ ಯೋಚಿಸಿದ ಚಿತ್ರಕ್ಕೆ ಇದು ಸಣ್ಣ ಕೊರತೆಯಲ್ಲ.